ರಾಷ್ಟ್ರಪತಿ ಯಾರು, ಅಧ್ಯಕ್ಷ ಯಾರು?

ಎಲ್ಲರಿಗೂ ನಮಸ್ಕಾರ.

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗಾಗಿ ಒಂದು ಕೈಪಿಡಿ ತಿದ್ದುತ್ತಿದ್ದೇನೆ. ಯಾವ ದೇಶದಲ್ಲಿ ಸರ್ಕಾರ ಹೇಗೆ ನಡೆಯುತ್ತದೆ ಅನ್ನುವುದು ಅದರ ವಿಷಯ. ಒಂದು ಪದದ ಹತ್ತಿರ ಕೆಲಸ ನಿಂತುಬಿಟ್ಟಿದೆ. ನಮ್ಮ ಪತ್ರಿಕೆಗಳಲ್ಲಿ ದ್ರೌಪದಿ ಮುರ್ಮು ಅವರು ರಾಷ್ಟ್ರಪತಿ. ಅಮೆರಿಕ, ಫ್ರಾನ್ಸ್, ರಷ್ಯಾ, ಜರ್ಮನಿಗಳಲ್ಲಿ ಇರುವವರೆಲ್ಲ ಅಧ್ಯಕ್ಷರು. ಇಂಗ್ಲಿಷಿನಲ್ಲಿ ಇವರೆಲ್ಲರೂ ಪ್ರೆಸಿಡೆಂಟ್‌ಗಳೇ. ನಾವು ಎರಡು ಪದ ಇಟ್ಟುಕೊಂಡಿದ್ದೇವಲ್ಲ, ಯಾವ ಲೆಕ್ಕದಲ್ಲಿ?

ಯಾರನ್ನು ಕೇಳಿದರೂ ಬರುವ ಉತ್ತರ ಒಂದೇ. ಅಧಿಕಾರ ನಡೆಸುವವರು ಅಧ್ಯಕ್ಷ, ಹೆಸರಿಗೆ ಮಾತ್ರ ಇರುವವರು ರಾಷ್ಟ್ರಪತಿ. ಕೇಳುವುದಕ್ಕೆ ಸರಿಯಾಗಿಯೇ ಇದೆ. ಒರೆಗೆ ಹಚ್ಚಿ ನೋಡಿದರೆ ನಿಲ್ಲುವುದಿಲ್ಲ.

ಜರ್ಮನಿಯನ್ನೇ ತೆಗೆದುಕೊಳ್ಳಿ. ಅಲ್ಲಿ ಸರ್ಕಾರ ನಡೆಸುವವರು ಚಾನ್ಸಲರ್. ಪ್ರೆಸಿಡೆಂಟ್ ಮಸೂದೆಗೆ ಸಹಿ ಹಾಕುತ್ತಾರೆ, ರಾಯಭಾರಿಗಳನ್ನು ಬರಮಾಡಿಕೊಳ್ಳುತ್ತಾರೆ, ಆಗಾಗ ಒಂದು ಒಳ್ಳೆಯ ಭಾಷಣ ಮಾಡುತ್ತಾರೆ. ಅವರನ್ನು ಜನ ನೇರವಾಗಿ ಆರಿಸುವುದಿಲ್ಲ. ಸಂಸತ್ತಿನ ಕೆಳಮನೆಯ ಸದಸ್ಯರೆಲ್ಲ ಸೇರುತ್ತಾರೆ, ಅಷ್ಟೇ ಸಂಖ್ಯೆಯ ಪ್ರತಿನಿಧಿಗಳನ್ನು ರಾಜ್ಯಗಳ ಶಾಸನಸಭೆಗಳು ಆರಿಸಿ ಕಳಿಸುತ್ತವೆ. ಈ ಪ್ರತಿನಿಧಿಗಳು ರಾಜಕಾರಣಿಗಳೇ ಆಗಬೇಕೆಂದಿಲ್ಲ. ಆಟಗಾರರು, ನಟರೂ ಬಂದು ಮತ ಹಾಕಿದ್ದುಂಟು. ಸಂಸದರು, ಶಾಸಕರು ಸೇರಿ ಆರಿಸುವ ನಮ್ಮ ಪದ್ಧತಿಗೆ ಇದು ಎಷ್ಟು ಹತ್ತಿರ ನೋಡಿ. ಕೆಲಸವೂ ಬಹುಪಾಲು ನಮ್ಮ ರಾಷ್ಟ್ರಪತಿಯದ್ದೇ. ಆದರೂ ಕನ್ನಡದಲ್ಲಿ ಅವರು ಅಧ್ಯಕ್ಷ. ಇದೇ ಜರ್ಮನಿಯಲ್ಲಿ 1919ರ ವೈಮಾರ್ ಸಂವಿಧಾನದ ಕಾಲದಲ್ಲಿ ಪ್ರೆಸಿಡೆಂಟರ ಕೈಯಲ್ಲಿ 48ನೇ ವಿಧಿ ಇತ್ತು. ತುರ್ತು ಪರಿಸ್ಥಿತಿ ಅಂತ ಹೇಳಿ ಆಜ್ಞೆಗಳ ಮೂಲಕವೇ ಆಳಬಹುದಿತ್ತು. ಹಿಂಡೆನ್‌ಬರ್ಗ್ ಹಾಗೆಯೇ ಆಳಿದರು. 1933ರ ಜನವರಿ 30ರಂದು ಹಿಟ್ಲರನನ್ನು ಚಾನ್ಸಲರ್ ಮಾಡಿದ್ದೂ ಅವರೇ. ಅದನ್ನು ಕಂಡು ಬುದ್ಧಿ ಕಲಿತವರು 1949ರ ಸಂವಿಧಾನದಲ್ಲಿ ಆ ಹುದ್ದೆಯ ಹಲ್ಲು ಕಿತ್ತರು. ಹಲ್ಲಿದ್ದ ಹಿಂಡೆನ್‌ಬರ್ಗ್‌ಗೂ ಹಲ್ಲಿಲ್ಲದ ಇಂದಿನವರಿಗೂ ನಾವು ಬಳಸುವುದು ಒಂದೇ ಪದ.

ಇತ್ತ ಪಕ್ಕದ ಬಾಂಗ್ಲಾದೇಶಕ್ಕೆ ಬನ್ನಿ. ಬಂಗಾಳಿಯಲ್ಲಿ ಅವರ ಹುದ್ದೆಯ ಹೆಸರೇ ರಾಷ್ಟ್ರಪತಿ. ಈಗ ಅದು ಹೆಸರಿಗಷ್ಟೇ. 1991ರಲ್ಲಿ ಸಂಸದೀಯ ಪದ್ಧತಿಗೆ ಮರಳುವ ಮೊದಲು ಜಿಯಾವುರ್ ರಹಮಾನ್, ಎರ್ಷಾದ್ ಎಲ್ಲ ಇದೇ ಹೆಸರಿಟ್ಟುಕೊಂಡು ಪೂರ್ತಿ ಅಧಿಕಾರ ನಡೆಸಿದರು. ಅಂದರೆ ರಾಷ್ಟ್ರಪತಿ ಅನ್ನುವ ಪದದೊಳಗೆ 'ಹೆಸರಿಗೆ ಮಾತ್ರ' ಅನ್ನುವ ಅರ್ಥ ಇಲ್ಲವೇ ಇಲ್ಲ. ಅದು ನಮ್ಮ ಸಂವಿಧಾನದಿಂದ ಅಂಟಿಕೊಂಡ ಅರ್ಥ.

ಫ್ರಾನ್ಸಿನದು ಇನ್ನೂ ಮಜಾ. 1958ರ ಸಂವಿಧಾನ, 1962ರ ಜನಮತಗಣನೆಯ ನಂತರ ಜನರಿಂದಲೇ ನೇರ ಆಯ್ಕೆ. ಸಂಸತ್ತಿನಲ್ಲಿ ಸ್ವಂತ ಪಕ್ಷದ ಬಹುಮತ ಇರುವಷ್ಟು ದಿನ ಅವರೇ ಎಲ್ಲ. ಬಹುಮತ ಹೋಯಿತೋ, ಆಡಳಿತದ ಹಗ್ಗ ಪ್ರಧಾನಿಯ ಕೈಗೆ. 1986ರಲ್ಲಿ ಸಮಾಜವಾದಿ ಅಧ್ಯಕ್ಷ ಮಿತ್ತರಾಂ ಅವರ ಎದುರು ಬಲಪಂಥದ ಜಾಕ್ ಶಿರಾಕ್ ಪ್ರಧಾನಿಯಾದರು. ಸರ್ಕಾರಿ ಕಂಪನಿಗಳನ್ನು ಖಾಸಗಿಯವರಿಗೆ ಮಾರಲು ಶಿರಾಕ್ ಸುಗ್ರೀವಾಜ್ಞೆ ತಂದರು. ಸಹಿ ಹಾಕುವುದಿಲ್ಲ ಅಂದುಬಿಟ್ಟರು ಮಿತ್ತರಾಂ. ಶಿರಾಕ್ ಅದನ್ನೇ ಮಸೂದೆ ಮಾಡಿ ಸಂಸತ್ತಿನಲ್ಲಿ ಪಾಸು ಮಾಡಿಸಿಕೊಂಡರು. ಹಾಗಾದರೆ ಮಿತ್ತರಾಂ 1985ರಲ್ಲಿ ಅಧ್ಯಕ್ಷ, 1986ರಲ್ಲಿ ಅರ್ಧ ರಾಷ್ಟ್ರಪತಿ ಅನ್ನೋಣವೇ? ಆಗುವ ಮಾತಲ್ಲ.

ಆದ್ದರಿಂದ ನನಗೆ ಕಾಣುವುದು ಇಷ್ಟು. ನಮ್ಮ ಎರಡು ಪದಗಳ ನಡುವಿನ ಗೆರೆ ಅಧಿಕಾರದ್ದಲ್ಲ, ಮನೆಯವರು ಮತ್ತು ಹೊರಗಿನವರದ್ದು. ನಮ್ಮವರು ರಾಷ್ಟ್ರಪತಿ, ಉಳಿದವರೆಲ್ಲ ಅಧ್ಯಕ್ಷ. ನೇಪಾಳದ ಹತ್ತಿರ ಮಾತ್ರ ನಾವು ತಡವರಿಸುತ್ತೇವೆ. 2008ರಿಂದ ಅವರಲ್ಲೂ ರಾಷ್ಟ್ರಪತಿ ಅಂತಲೇ ಹೆಸರು. ಒಮ್ಮೆ ಹಾಗೆ ಬರೆಯುತ್ತೇವೆ, ಇನ್ನೊಮ್ಮೆ ಅಧ್ಯಕ್ಷ ಅಂತ ಬರೆಯುತ್ತೇವೆ.

ನೆರೆಯ ಭಾಷೆಗಳನ್ನೂ ನೋಡಿದೆ. ಹಿಂದಿಯವರಿಗೆ ಈ ತಾಪತ್ರಯವೇ ಇಲ್ಲ, ಅಮೆರಿಕದವರೂ ರಾಷ್ಟ್ರಪತಿಯೇ. ತೆಲುಗಿನಲ್ಲಿ ನಮ್ಮ ಹಾಗೆಯೇ ರಾಷ್ಟ್ರಪತಿ, ಅಧ್ಯಕ್ಷುಡು. ಅಲ್ಲಿ ರಾಷ್ಟ್ರ ಅಂದರೆ ರಾಜ್ಯ, ಆದರೂ ರಾಷ್ಟ್ರಪತಿ ಇಡೀ ದೇಶಕ್ಕೆ! ಮಲಯಾಳಿಗಳು ಹೊರಗಿನವರಿಗೆ ಪ್ರಸಿಡಂಟ್ ಅಂದು ಸುಮ್ಮನಾಗುತ್ತಾರೆ. ಮರಾಠಿಯಲ್ಲಿ ಹೊರಗಿನವರಿಗೆ ರಾಷ್ಟ್ರಾಧ್ಯಕ್ಷ ಅನ್ನುವ ಪದ ಓಡಾಡುತ್ತದೆ. ತಮಿಳರು ನಮ್ಮವರಿಗೆ ಕುಡಿಯರಸು ತಲೈವರ್ ಅಂದರೆ ಗಣರಾಜ್ಯದ ನಾಯಕ ಅನ್ನುತ್ತಾರೆ, ಅಮೆರಿಕದವರಿಗೆ ಅದಿಬರ್.

ರಾಷ್ಟ್ರಪತಿ ಅನ್ನುವ ಪದ ಸಂವಿಧಾನಕ್ಕಿಂತ ಹಳೆಯದು. 1930ರ ದಶಕದಲ್ಲಿ ಕಾಂಗ್ರೆಸ್ ಪಕ್ಷದ ಅಧ್ಯಕ್ಷರನ್ನೇ ರಾಷ್ಟ್ರಪತಿ ಅನ್ನುತ್ತಿದ್ದರು. 1937ರಲ್ಲಿ ನೆಹರೂ ತಮ್ಮ ಬಗ್ಗೆ ತಾವೇ ಚಾಣಕ್ಯ ಅನ್ನುವ ಹೆಸರಿಟ್ಟುಕೊಂಡು, ಈ ಮನುಷ್ಯ ಸರ್ವಾಧಿಕಾರಿ ಆಗಬಹುದು ಹುಷಾರು ಅಂತ ಬರೆದ ಲೇಖನಕ್ಕೂ ಇದೇ ತಲೆಬರಹ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಅಧ್ಯಕ್ಷ ಅಂದರೆ ಇಲಾಖೆಯ ಅಧಿಕಾರಿ. ಬೇಸಾಯಕ್ಕೊಬ್ಬ, ಹೆಂಡಕ್ಕೊಬ್ಬ, ಮಾರಾಟಕ್ಕೊಬ್ಬ. ಅಲ್ಲಿಂದ ಆ ಪದ ಇಳಿದು ಬಂದು ಇವತ್ತು ಗ್ರಾಮ ಪಂಚಾಯಿತಿಗೂ ಅಧ್ಯಕ್ಷರು, ನಿಗಮ ಮಂಡಳಿಗೂ ಅಧ್ಯಕ್ಷರು, ಶ್ವೇತಭವನಕ್ಕೂ ಅಧ್ಯಕ್ಷರು.

ಸಂವಿಧಾನ ಸಭೆಯಲ್ಲೂ ಈ ಗೊಂದಲ ಎದ್ದಿತ್ತು. ಮೊದಲ ಕರಡುಗಳಲ್ಲಿ ಪ್ರೆಸಿಡೆಂಟ್ ಪಕ್ಕದಲ್ಲೇ ಆವರಣದೊಳಗೆ ರಾಷ್ಟ್ರಪತಿ ಅಂತಿತ್ತು. ಆಮೇಲೆ ಅದು ಬಿಟ್ಟುಹೋಯಿತು. 1948ರ ಡಿಸೆಂಬರಿನಲ್ಲಿ ಎಚ್.ವಿ. ಕಾಮತ್ ಎದ್ದು ನಿಂತು ಯಾಕೆ ತೆಗೆದಿರಿ ಅಂತ ಕೇಳಿದರು. ಅದಕ್ಕೆ ಒಂದು ತಿಂಗಳ ಹಿಂದೆ, ನವೆಂಬರ್ 4ರಂದು, ಅಂಬೇಡ್ಕರ್ ಕರಡು ಮಂಡಿಸುತ್ತಾ ಬಿಡಿಸಿ ಹೇಳಿದ್ದರು: ಹೆಸರು ನೋಡಿದರೆ ಅಮೆರಿಕ ನೆನಪಾಗುತ್ತದೆ, ಆದರೆ ಹೆಸರಿನಾಚೆಗೆ ಎರಡಕ್ಕೂ ಏನೂ ಸಂಬಂಧ ಇಲ್ಲ, ನಮ್ಮ ಪ್ರೆಸಿಡೆಂಟರದ್ದು ಇಂಗ್ಲೆಂಡಿನ ರಾಜನ ಸ್ಥಾನ. ಅವರು ದೇಶವನ್ನು ಪ್ರತಿನಿಧಿಸುತ್ತಾರೆ, ಆಳುವುದಿಲ್ಲ. ನನ್ನ ಕೈಪಿಡಿಯಲ್ಲಿ ನೂರು ಪುಟ ತಿಣುಕಿದ್ದನ್ನು ಅವರು ನಾಲ್ಕು ಮಾತಿನಲ್ಲಿ ಮುಗಿಸಿದ್ದಾರೆ.

ಆಳುವುದಿಲ್ಲ ಅಂದರೆ ಏನು ಅನ್ನುವುದಕ್ಕೆ ನಮ್ಮವರದ್ದೇ ಒಂದು ಪ್ರಸಂಗ ಇದೆ. 1977ರ ಫೆಬ್ರವರಿಯಲ್ಲಿ ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದ್ ತೀರಿಕೊಂಡರು. ಉಪರಾಷ್ಟ್ರಪತಿಯಾಗಿದ್ದ, ಹಿಂದೆ ಮೈಸೂರು ರಾಜ್ಯದ ಮುಖ್ಯಮಂತ್ರಿಯಾಗಿದ್ದ ಬಿ.ಡಿ. ಜತ್ತಿ ಹಂಗಾಮಿ ರಾಷ್ಟ್ರಪತಿಯಾದರು. ಹೊಸ ಜನತಾ ಸರ್ಕಾರ ಕಾಂಗ್ರೆಸ್ ಕೈಯಲ್ಲಿದ್ದ ಒಂಬತ್ತು ರಾಜ್ಯಗಳ ವಿಧಾನಸಭೆ ವಿಸರ್ಜಿಸಬೇಕೆಂದು ಕಡತ ಕಳಿಸಿತು. ಜತ್ತಿಯವರು ಹಿಂದೆ ಮುಂದೆ ನೋಡಿದರು. ಆದರೆ ಹಿಂದಿನ ವರ್ಷವಷ್ಟೇ 42ನೇ ತಿದ್ದುಪಡಿ ಬಂದು, ಮಂತ್ರಿಮಂಡಲದ ಸಲಹೆಯಂತೆ ನಡೆಯಲೇಬೇಕು ಎಂದು 74ನೇ ವಿಧಿಯಲ್ಲಿ ಬರೆದಾಗಿತ್ತು. ಏಪ್ರಿಲ್ ಮುಗಿಯುವ ಹೊತ್ತಿಗೆ ಸಹಿ ಬಿತ್ತು. ಒಂದು ಸಲ ಮರುಪರಿಶೀಲನೆಗೆ ವಾಪಸ್ ಕಳಿಸಬಹುದು ಅನ್ನುವ ಅವಕಾಶ ಬಂದದ್ದು ಆಮೇಲೆ, 44ನೇ ತಿದ್ದುಪಡಿಯಲ್ಲಿ. ಇಷ್ಟಿದ್ದೂ ನಾವು ಅಂಥದ್ದನ್ನು ಕರೆಯುವುದು 'ರಾಷ್ಟ್ರಪತಿ ಆಳ್ವಿಕೆ' ಅಂತ. ಆಳುವುದು ಕೇಂದ್ರ ಸರ್ಕಾರ, ನಡೆಸುವುದು ರಾಜ್ಯಪಾಲರು, ಹೆಸರು ಮಾತ್ರ ರಾಷ್ಟ್ರಪತಿಯದು.

ಇನ್ನೊಂದು ಸಣ್ಣ ವಿಷಯ, ಗಮನಿಸಿದ್ದೀರಾ? ನಮ್ಮ ಪತ್ರಿಕೆಗಳಲ್ಲಿ ರಾಷ್ಟ್ರಪತಿಗಳು ಮಸೂದೆಗೆ 'ಅಂಕಿತ' ಹಾಕುತ್ತಾರೆ. ಅಮೆರಿಕದ ಅಧ್ಯಕ್ಷರು 'ಸಹಿ' ಮಾಡುತ್ತಾರೆ. ಅಂಕಿತದಲ್ಲಿ ರಾಜಮುದ್ರೆಯ ವಾಸನೆ ಇದೆ. ಆದರೆ ಜಾಸ್ತಿ ಜೋರಿರುವುದು ಆ ಸಹಿಗೇ. ಅವರು ಸಹಿ ಮಾಡದೆ ತಿರಸ್ಕರಿಸಿದರೆ ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಮತ ಬಿದ್ದರೆ ಮಾತ್ರ ಮಸೂದೆ ಉಳಿಯುತ್ತದೆ. ನಮ್ಮಲ್ಲಿ ವಾಪಸ್ ಕಳಿಸಿದ್ದನ್ನು ಸಂಸತ್ತು ಮತ್ತೆ ಸಾಮಾನ್ಯ ಬಹುಮತದಿಂದ ಪಾಸು ಮಾಡಿದರೆ ಅಂಕಿತ ಹಾಕಲೇಬೇಕು. ಒಂದು ಸಂದು ಮಾತ್ರ ಉಳಿದಿದೆ. ಎಷ್ಟು ದಿನದೊಳಗೆ ಅಂತ ನಮ್ಮ 111ನೇ ವಿಧಿ ಗಡುವು ಹೇಳುವುದಿಲ್ಲ. 1986ರ ಅಂಚೆ ಕಚೇರಿ ತಿದ್ದುಪಡಿ ಮಸೂದೆಯನ್ನು ಜೈಲ್ ಸಿಂಗ್ ಅಂಕಿತವನ್ನೂ ಹಾಕದೆ, ವಾಪಸ್ಸೂ ಕಳಿಸದೆ ಸುಮ್ನೆ ಇಟ್ಟುಕೊಂಡರು. ಅದು ಕಾನೂನಾಗಲೇ ಇಲ್ಲ.

ಅಧ್ಯಕ್ಷ ಅನ್ನುವ ಪದ ಸರಿಯಾಗಿ ಕೂರುವ ಜಾಗಗಳೂ ಇವೆ. ಸ್ವಿಟ್ಜರ್ಲೆಂಡಿನಲ್ಲಿ ಏಳು ಜನರ ಮಂಡಳಿಯೇ ಸರ್ಕಾರ. ಅವರಲ್ಲೊಬ್ಬರು ಒಂದು ವರ್ಷ ಅಧ್ಯಕ್ಷರು, ಸಭೆ ನಡೆಸುತ್ತಾರೆ, ಮುಂದಿನ ವರ್ಷ ಇನ್ನೊಬ್ಬರು. ತಮ್ಮ ಖಾತೆಯ ಕೆಲಸವನ್ನೂ ಬಿಡುವ ಹಾಗಿಲ್ಲ. ನಮ್ಮ ಪಂಚಾಯಿತಿಯ ಅರ್ಥದಲ್ಲಿ ಅಪ್ಪಟ ಅಧ್ಯಕ್ಷ ಇವರೇ. ಚೀನಾದಲ್ಲಿ ಹುದ್ದೆಯ ಹೆಸರು ಝೂಶಿ, ಅಂದರೆ ಸಭೆಯ ಮುಖ್ಯ ಆಸನದಲ್ಲಿ ಕೂರುವವರು. ಮಾವೋ ಕೂಡ ಝೂಶಿಯೇ. 1982ರ ಸಂವಿಧಾನದ ಇಂಗ್ಲಿಷ್ ಅನುವಾದದಲ್ಲಿ ಮಾತ್ರ ಚೇರ್ಮನ್ ಹೋಗಿ ಪ್ರೆಸಿಡೆಂಟ್ ಬಂತು, ಚೀನೀ ಪದ ಇದ್ದಲ್ಲೇ ಇದೆ. ಬೇರೆ ದೇಶದ ಪ್ರೆಸಿಡೆಂಟರಿಗೆ ಅವರು ಬಳಸುವುದು ಬೇರೆಯೇ ಪದ. ಶಿ ಜಿನ್‌ಪಿಂಗ್ ಅವರನ್ನು ಅಧ್ಯಕ್ಷ ಅನ್ನುವಾಗ ಕನ್ನಡ ಇಂಗ್ಲಿಷಿಗಿಂತ ಮೂಲಕ್ಕೆ ಹತ್ತಿರ ಇದೆ, ಅದೂ ನಮಗೆ ಗೊತ್ತಿಲ್ಲದೆ!

ಕೈಪಿಡಿಗೆ ಸದ್ಯ ಹೀಗೆ ಮಾಡೋಣ ಅಂದುಕೊಂಡಿದ್ದೇನೆ. ತಮ್ಮ ಭಾಷೆಯಲ್ಲಿ ತಾವೇ ರಾಷ್ಟ್ರಪತಿ ಅಂದುಕೊಳ್ಳುವ ಭಾರತ, ನೇಪಾಳ, ಬಾಂಗ್ಲಾದೇಶಗಳಿಗೆ ಅದೇ ಪದ. ಉಳಿದವರಿಗೆ ಅಧ್ಯಕ್ಷ. ಆದರೆ ಪ್ರತಿ ದೇಶದ ಪಾಠದಲ್ಲಿ ಮೊದಲ ಸಲ ಬಂದಾಗ 'ದೇಶದ ಮುಖ್ಯಸ್ಥ', 'ಸರ್ಕಾರದ ಮುಖ್ಯಸ್ಥ' ಅಥವಾ 'ಎರಡೂ' ಅಂತ ಸೇರಿಸುವುದು. ದಕ್ಷಿಣ ಆಫ್ರಿಕಾದ ಅಧ್ಯಕ್ಷರನ್ನು ಸಂಸತ್ತು ಆರಿಸುತ್ತದೆ, ಪ್ರಧಾನಿ ಹುದ್ದೆಯೇ ಇಲ್ಲ, ಹಾಗಾಗಿ ಅವರು ಎರಡೂ. ಐರ್ಲೆಂಡಿನವರನ್ನು ಜನರೇ ನೇರವಾಗಿ ಆರಿಸುತ್ತಾರೆ, ಆದರೂ ಅವರು ದೇಶದ ಮುಖ್ಯಸ್ಥ ಮಾತ್ರ. ಆಯ್ಕೆ ಹೇಗೆ ಅನ್ನುವುದರಿಂದ ಅಧಿಕಾರ ಎಷ್ಟು ಅಂತ ಊಹಿಸುವ ವಿದ್ಯಾರ್ಥಿಗಳು ಜಾಸ್ತಿ. ಅವರಿಗೆ ಇದರಿಂದ ಉಪಯೋಗ ಆಗಬಹುದು.

ಈಗ ನಿಮ್ಮನ್ನು ಕೇಳಬೇಕಾದದ್ದು ಎರಡು. ಮರಾಠಿಯ ಹಾಗೆ ರಾಷ್ಟ್ರಾಧ್ಯಕ್ಷ ಅಂತ ಕನ್ನಡದಲ್ಲೂ ಬಳಸಿದರೆ, ಪಕ್ಷಗಳ 'ರಾಷ್ಟ್ರೀಯ ಅಧ್ಯಕ್ಷ'ರ ಜೊತೆ ಕಲಸಿಹೋಗುತ್ತದೆಯೇ? ನನಗಂತೂ ಹೋಗುತ್ತದೆ ಅನಿಸುತ್ತದೆ. ಎರಡನೆಯದು, ಅಮೆರಿಕದ ಮಾದರಿಯ ಸರ್ಕಾರಕ್ಕೆ ಪಠ್ಯಪುಸ್ತಕಗಳು 'ಅಧ್ಯಕ್ಷೀಯ ಪದ್ಧತಿ' ಅನ್ನುತ್ತವೆ. ಜರ್ಮನಿಯಲ್ಲೂ ಅಧ್ಯಕ್ಷರಿದ್ದಾರಲ್ಲ, ಅದ್ಯಾಕೆ ಅಧ್ಯಕ್ಷೀಯ ಅಲ್ಲ ಅಂತ ಓದುವವರು ಕೇಳಿದರೆ ಪದದೊಳಗೆ ಉತ್ತರ ಇಲ್ಲ. ಇದಕ್ಕಿಂತ ಒಳ್ಳೆಯ ಪದ ಪಾಠ ಮಾಡುವವರ ಬಾಯಲ್ಲಿ ಇದ್ದರೆ ತಿಳಿಸಿ. ಹೊಸದಾಗಿ ಟಂಕಿಸಿದ್ದು ಬೇಡ, ಬಳಕೆಯಲ್ಲಿ ಇರುವುದೇ ಆಗಬೇಕು.