ಹಿತ್ತಲ ಕೋಣೆಯ ಅಜ್ಜಿ: ಸೋಮವಾರ ಜೊತೆಗೆ ಯಾರು ಬರುತ್ತೀರಿ?

ಮನೆ 22
ಎಲ್ಲರಿಗೂ ನಮಸ್ಕಾರ. ಮೆಸೇಜ್ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ. ಮೂರನೇ ಅಡ್ಡರಸ್ತೆಯ ಅಜ್ಜಿಯ ವಿಷಯ. ಹೆಸರು ಬರೆಯುವುದಿಲ್ಲ, ನಿಮಗೆಲ್ಲ ಗೊತ್ತು.

ನಿನ್ನೆ ಮಧ್ಯಾಹ್ನ ಮಜ್ಜಿಗೆ ಕೊಡಲು ಹೋಗಿದ್ದೆ. ತಗಡಿನ ಕೋಣೆ ರೊಟ್ಟಿ ಹಂಚಿನ ಹಾಗೆ ಕಾದಿತ್ತು. ಫ್ಯಾನ್ ಇದೆ, ಕರೆಂಟ್ ಇಲ್ಲ. ಮುಂಭಾಗದ ಮನೆಗೆ ಬಾಡಿಗೆಯವರು ಬಂದಾಗ ಹಿತ್ತಲ ಕೋಣೆಯ ಲೈನ್ ತೆಗೆಸಿದ್ದಾರೆ. ಬಾಡಿಗೆ ಮಗನ ಖಾತೆಗೆ ಹೋಗುತ್ತದೆ. ಅವನು ಈ ಕಡೆ ಬಂದು ಏಳು ತಿಂಗಳಾಯಿತು. ಅಜ್ಜಿಗೆ ಸಂಧ್ಯಾ ಸುರಕ್ಷಾ ಪಿಂಚಣಿ ತಿಂಗಳಿಗೆ 1,200 ರೂಪಾಯಿ ಬರುತ್ತದೆ. ಅದರಲ್ಲೇ ಬಿಪಿ ಮಾತ್ರೆ, ಅದರಲ್ಲೇ ಊಟ. ಮಾತ್ರೆಯನ್ನು ಅರ್ಧ ಮುರಿದು ತೆಗೆದುಕೊಳ್ಳುತ್ತಿದ್ದಾರೆ. ಅದನ್ನು ನೋಡಿ ಬಂದ ಮೇಲೆ ನನಗೆ ಊಟ ಇಳಿಯಲಿಲ್ಲ.

ಈ ಜಾಗ ಅವರಿಗೆ ಹೇಗೆ ಬಂತು ಅಂತ ಬಾಗಲಕೋಟೆ ನವನಗರದವರಿಗೆ ಬಿಡಿಸಿ ಹೇಳಬೇಕಿಲ್ಲ, ಅಲ್ವಾ. ನಾವೆಲ್ಲ ಮುಳುಗಡೆಯವರೇ. ಹಳೇ ಊರಿನ ಮನೆಯನ್ನು ಆಲಮಟ್ಟಿ ಹಿನ್ನೀರಿಗೆ ಬಿಟ್ಟು, ಇಲ್ಲಿ ಸೈಟ್ ಪಡೆದು, ಗಂಡ ಹೆಂಡತಿ ಇಬ್ಬರೂ ನಿಂತು ಇಟ್ಟಿಗೆಗೆ ನೀರು ಹಾಕಿ ಕಟ್ಟಿಸಿದ ಮನೆ ಅದು. ಯಜಮಾನರು ತೀರಿದ ಮೇಲೆ ಮಗ ದಾನಪತ್ರ ಬರೆಸಿಕೊಂಡ.

ಹಿರಿಯ ನಾಗರಿಕರ ಪಾಲನೆ, ಪೋಷಣೆಗೆ 2007ರಿಂದ ಕಾಯ್ದೆ ಇದೆ. ಉಪವಿಭಾಗಾಧಿಕಾರಿ, ಅಂದರೆ ಎಸಿ ಸಾಹೇಬರ ಮುಂದೆ ಅರ್ಜಿ ಹಾಕಬೇಕು. ತಿಂಗಳಿಗೆ 10,000 ರೂಪಾಯಿವರೆಗೆ ಜೀವನಾಂಶ ಕೊಡಿಸಬಹುದು. ಎದುರಿನವರಿಗೆ ನೋಟಿಸ್ ತಲುಪಿದ 90 ದಿನದಲ್ಲಿ ತೀರ್ಮಾನ ಆಗಬೇಕು. ಈ ಸೋಮವಾರ ಅರ್ಜಿ ಕೊಡೋಣ ಅಂತಿದ್ದೇನೆ. ಒಬ್ಬಳೇ ಹೋಗುವುದು ಸಾಕಾಗುವುದಿಲ್ಲ.

ಮನೆ 9
ಅಕ್ಕಾ, ನಿಮ್ಮ ಕಳಕಳಿ ಅರ್ಥ ಆಗುತ್ತದೆ. ಆದರೆ ಅದು ತಾಯಿ ಮಗನ ವಿಷಯ. ನಾಳೆ ಅವರು ಒಂದಾಗುತ್ತಾರೆ, ನಾವು ಕೆಟ್ಟವರಾಗುತ್ತೇವೆ.

ಮನೆ 31
ಮಗನ ಫೋಟೋ ಹಾಕಿ, ಊರೆಲ್ಲ ನೋಡಲಿ.

ಮನೆ 22
ಫೋಟೋ ಬೇಡ, ದಯವಿಟ್ಟು. ಅಜ್ಜಿ ನನ್ನ ಕೈ ಹಿಡಿದು ಕೇಳಿದ್ದು ಒಂದೇ ಮಾತು: "ಅವನ ಹೆಸರು ಕೆಡಿಸಬ್ಯಾಡ್ರಿ." ಆ ಮಾತಿಗೆ ಬೆಲೆ ಕೊಡಬೇಕು.

9ನೇ ಮನೆಯ ಅಣ್ಣಾ, ನಾವು ಕೆಟ್ಟವರಾದರೆ ಆಗಲಿ. ಅವರು ಒಂದಾದರೆ ನನಗಿಂತ ಖುಷಿಪಡುವವರು ಇಲ್ಲ. ಕಾಯ್ದೆಯೂ ರಾಜಿಗೆ ಜಾಗ ಇಟ್ಟಿದೆ. ಅರ್ಜಿಯನ್ನು ಮೊದಲು ಸಂಧಾನ ಅಧಿಕಾರಿಗೆ ಕಳಿಸಬಹುದು, ಅವರು ಒಂದು ತಿಂಗಳಲ್ಲಿ ವರದಿ ಕೊಡಬೇಕು. ಆದರೆ ಏಳು ತಿಂಗಳಿಂದ ಫೋನ್ ಎತ್ತದ ಮಗನನ್ನು ಕೂರಿಸಿ ಮಾತಾಡಿಸಲು ನಮ್ಮಿಂದ ಆಗಿಲ್ಲ. ನೋಟಿಸ್ ಬಂದರೆ ಬರುತ್ತಾನೆ.

ಔಷಧ ಅಂಗಡಿ
ಮಾತ್ರೆ ಇವತ್ತಿನಿಂದಲೇ ನಾನು ಕೊಡುತ್ತೇನೆ. ಚೀಟಿ ಕಳಿಸಿ. ಅರ್ಧ ಮುರಿಯುವುದನ್ನು ಬಿಡಿಸಿ, ಒಮ್ಮೆ ಡಾಕ್ಟರಿಗೂ ತೋರಿಸಿ.

ಮನೆ 17
ಪುಣೆಯಲ್ಲಿ ಮಗಳು ಇದ್ದಾಳಲ್ಲ? ಕೊಟ್ಟ ಹೆಣ್ಣು, ಅವಳಿಗೆ ಹೊಣೆ ಇಲ್ಲ ಅಂತ ಕೇಳಿದ್ದೆ.

ಮನೆ 5 (ನಿವೃತ್ತ, ಕಂದಾಯ ಇಲಾಖೆ)
ಹಾಗಿಲ್ಲ. ಕಾಯ್ದೆಯಲ್ಲಿ ಮಕ್ಕಳು ಅಂದರೆ ಮಗ, ಮಗಳು, ವಯಸ್ಸಿಗೆ ಬಂದ ಮೊಮ್ಮಕ್ಕಳು ಎಲ್ಲರೂ. ಮಕ್ಕಳಿಲ್ಲದವರಾದರೆ ಅವರ ಆಸ್ತಿ ಪಡೆಯುವ ಸಂಬಂಧಿಕರ ಮೇಲೆ ಹೊಣೆ.

ದಾನಪತ್ರದ ವಿಷಯ ಸ್ವಲ್ಪ ಬಿಡಿಸಿ ಹೇಳುತ್ತೇನೆ, ಇಲ್ಲಿ ಜನ ಜಾಸ್ತಿ ಎಡವುತ್ತಾರೆ. 23ನೇ ಕಲಂ ಪ್ರಕಾರ, ನೋಡಿಕೊಳ್ಳಬೇಕು ಅನ್ನುವ ಷರತ್ತಿನ ಮೇಲೆ ಆಸ್ತಿ ಕೊಟ್ಟಿದ್ದು, ಪಡೆದವರು ನೋಡಿಕೊಳ್ಳದಿದ್ದರೆ ಪತ್ರ ರದ್ದು ಮಾಡಿಸಬಹುದು. ಸುಮ್ನೆ ದಾನ ಬರೆದಿದ್ದರೆ ಕಷ್ಟ. ಷರತ್ತು ಇತ್ತು ಅಂತ ತೋರಿಸಬೇಕು ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ಆದರೆ 2025ರ ಜನವರಿಯಲ್ಲಿ ಮಧ್ಯಪ್ರದೇಶದ ಒಬ್ಬ ತಾಯಿಯ ಪ್ರಕರಣದಲ್ಲಿ ಅದೇ ಕೋರ್ಟ್ ದಾನಪತ್ರ ರದ್ದು ಮಾಡಿ ಆಸ್ತಿ ವಾಪಸ್ ಕೊಡಿಸಿತು. ಅಲ್ಲಿ ಮಗ ಬೇರೆ ಕಾಗದದ ಮೇಲೆ, ನೋಡಿಕೊಳ್ಳುತ್ತೇನೆ ಎಂದು ಬರೆದುಕೊಟ್ಟಿದ್ದ. ಹಿರಿಯರಿಗೆ ಅನುಕೂಲ ಆಗುವಂತೆ ಈ ಕಾಯ್ದೆ ಓದಬೇಕು ಎಂದೂ ಕೋರ್ಟ್ ಹೇಳಿತು.

ಅದಕ್ಕೆ ಅಜ್ಜಿಯ ಟ್ರಂಕ್ ನೋಡಿ. ಬಾಂಡ್, ಒಪ್ಪಂದದ ಚೀಟಿ, ಏನೇ ಇದ್ದರೂ ಬಿಡಬೇಡಿ. ಏನೂ ಸಿಗದಿದ್ದರೂ ಜೀವನಾಂಶದ ಅರ್ಜಿಗೆ ತೊಂದರೆ ಇಲ್ಲ. ಅದು ಬೇರೆ, ಇದು ಬೇರೆ. ಆದೇಶ ಆದ ಮೇಲೂ ಹಣ ಕೊಡದಿದ್ದರೆ ಒಂದು ತಿಂಗಳವರೆಗೆ ಜೈಲಿಗೂ ಕಳಿಸಬಹುದು. ಎಸಿ ಆದೇಶ ಸರಿ ಅನ್ನಿಸದಿದ್ದರೆ ಅಜ್ಜಿ 60 ದಿನದೊಳಗೆ ಜಿಲ್ಲಾಧಿಕಾರಿಗೆ ಮೇಲ್ಮನವಿ ಹಾಕಬಹುದು.

ಮನೆ 9
ವಕೀಲರ ಫೀ ಯಾರು ಕೊಡುವುದು?

ಮನೆ 5
ವಕೀಲರೇ ಬೇಕು ಅಂತಿಲ್ಲ. ಅಜ್ಜಿಯೇ ತಮ್ಮ ಮಾತು ಹೇಳಬಹುದು. ಅವರಿಗೆ ಆಗದಿದ್ದರೆ ಅವರು ಒಪ್ಪಿ ಸಹಿ ಹಾಕಿಕೊಟ್ಟವರು ಅರ್ಜಿ ಹಾಕಬಹುದು. ಅಜ್ಜಿಯ ಒಪ್ಪಿಗೆ ಇಲ್ಲದೆ ಒಂದು ಹೆಜ್ಜೆಯೂ ಬೇಡ.

ಮನೆ 22
ಒಪ್ಪಿಗೆ ಕೇಳಿದ್ದೇನೆ. ಮೊದಲು ಬೇಡ ಅಂದರು, ಅತ್ತರು. ರಾತ್ರಿ ಮತ್ತೆ ಹೋಗಿ ಕೂತೆ. ಇದು ಮಗನನ್ನು ಜೈಲಿಗೆ ಹಾಕಿಸುವ ಅರ್ಜಿ ಅಲ್ಲ, ನಿಮ್ಮ ಊಟ, ಮಾತ್ರೆ, ಕರೆಂಟ್ ಕೇಳುವ ಅರ್ಜಿ ಅಂದೆ. ಆಮೇಲೆ ಅವರೇ ಟ್ರಂಕ್ ಎಳೆದರು. ದಾನಪತ್ರದ ಜೆರಾಕ್ಸ್ ಇದೆ. ಅದರ ಕೆಳಗೆ 20 ರೂಪಾಯಿ ಬಾಂಡ್ ಒಂದಿದೆ. ಕೈಬರಹ, ಮಗನ ಸಹಿ. "ತಾಯಿ ಇರುವ ತನಕ ಇದೇ ಮನೆಯಲ್ಲಿ ಇಟ್ಟುಕೊಂಡು ಜೋಪಾನ ಮಾಡುತ್ತೇನೆ" ಅಂತಿದೆ. ಅಜ್ಜಿಗೆ ಓದು ಬರುವುದಿಲ್ಲ. ಇಷ್ಟು ವರ್ಷ ಅದನ್ನು ಸೀರೆಯ ಮಡಿಕೆಯಲ್ಲಿ ಇಟ್ಟುಕೊಂಡಿದ್ದರು.

ಮನೆ 5
ಅದನ್ನು ಲ್ಯಾಮಿನೇಷನ್ ಮಾಡಿಸಬೇಡಿ! ಪ್ಲಾಸ್ಟಿಕ್ ಕವರಿನಲ್ಲಿ ಇಡಿ. ಮೂರು ಜೆರಾಕ್ಸ್ ಮಾಡಿಸಿ. ಅರ್ಜಿ ನಾನು ಬರೆದುಕೊಡುತ್ತೇನೆ, ಭಾನುವಾರ ಅಜ್ಜಿಗೆ ಓದಿ ಹೇಳೋಣ.

ಮನೆ 17
14567 ಹಿರಿಯರ ಸಹಾಯವಾಣಿ ನಂಬರ್. ಬೆಳಿಗ್ಗೆ 8ರಿಂದ ರಾತ್ರಿ 8ರವರೆಗೆ, ಫ್ರೀ. ನಮ್ಮ ಸೆಕ್ಟರಿನಲ್ಲಿ ಒಂಟಿಯಾಗಿರುವ ಹಿರಿಯರ ಮನೆಗೆಲ್ಲ ದೊಡ್ಡ ಅಕ್ಷರದಲ್ಲಿ ಬರೆದು ಅಂಟಿಸೋಣವಾ? ನನಗೆ ಗೊತ್ತಿರುವ ಹಾಗೆ ನಾಲ್ಕು ಮನೆ ಇವೆ.

ಮನೆ 31
ನಾನು ಬರೆಯುತ್ತೇನೆ. ಫೋಟೋ ಮಾತಿಗೆ ಕ್ಷಮಿಸಿ.

ಮನೆ 9
ಸೋಮವಾರ ನನ್ನ ಕಾರು ಇದೆ. ಅಜ್ಜಿಯನ್ನು ಆಟೋದಲ್ಲಿ ಕರೆದೊಯ್ಯಬೇಡಿ, ಬಿಸಿಲು ಜಾಸ್ತಿ. ಬಾಡಿಗೆಯವರ ಜೊತೆ ನಾನು ಮಾತಾಡಿದೆ, ಒಳ್ಳೆಯ ಜನ, ಅವರಿಗೆ ವಿಷಯವೇ ಗೊತ್ತಿರಲಿಲ್ಲ. ಇವತ್ತು ಸಂಜೆಯಿಂದ ಅವರ ಬೋರ್ಡಿನಿಂದ ಒಂದು ವೈರ್ ಬಿಡುತ್ತಾರೆ.

ಮನೆ 22
ಅಣ್ಣಾ, ತುಂಬಾ ಉಪಕಾರ. ಹತ್ತು ಗಂಟೆಗೆ ಅಜ್ಜಿಯ ಬಾಗಿಲಲ್ಲಿ ಸೇರೋಣ. ಆಧಾರ್, ಪಿಂಚಣಿ ಪಾಸ್‌ಬುಕ್, ಎರಡು ಫೋಟೋ ತೆಗೆದಿಟ್ಟಿದ್ದೇನೆ. ರಾತ್ರಿ ಊಟ ಇವತ್ತು ನಮ್ಮ ಮನೆಯಿಂದ. ನಾಳೆ ಯಾರು?

ಮನೆ 17
ನಾಳೆ ನಾವು. ಅಜ್ಜಿಗೆ ಮೆತ್ತನೆ ರೊಟ್ಟಿ ಬೇಕು, ಗೊತ್ತು.