ಶಾಲೆ ಬಿಟ್ಟ ಮೇಲೆ ಜೀವಶಾಸ್ತ್ರ: ನೀವು ಯಾವ ಪುಸ್ತಕದಿಂದ ಶುರು ಮಾಡಿದಿರಿ?

ಕೇಳಿದವರು: ಹತ್ತನೇ ತರಗತಿ ಆದಮೇಲೆ ನಾನು ಜೀವಶಾಸ್ತ್ರದ ಪುಸ್ತಕ ಮುಟ್ಟಿಲ್ಲ. ಕೆಲಸ ಲೆಕ್ಕಪತ್ರದ್ದು. ಈಗ ಗಿಡ, ಹುಳ, ಹಕ್ಕಿ ಅಂತ ಮತ್ತೆ ಆಸೆ ಹುಟ್ಟಿದೆ. ಎರಡು ದಪ್ಪ ಪುಸ್ತಕ ತಂದೆ, ಎರಡರಲ್ಲೂ ಜೀವಕೋಶದ ಅಧ್ಯಾಯಕ್ಕೆ ಬಂದು ನಿಂತುಬಿಟ್ಟೆ. ಮೈಟೋಕಾಂಡ್ರಿಯ, ರೈಬೋಸೋಮ್, ಬರೀ ಹೆಸರುಗಳು. ನಿಮಗೆ ಯಾವುದು ಹಿಡಿಸಿತು, ಯಾವುದರ ನಂತರ ಯಾವುದು ಓದಿದಿರಿ? ಎಂಟು ವರ್ಷದ ಮಗಳೂ ಪಕ್ಕದಲ್ಲಿ ಕೂತು ಕೇಳುತ್ತಾಳೆ.

ಉತ್ತರ: ಮೇಡಂ, ಜೀವಕೋಶದಿಂದ ಶುರು ಮಾಡಿದ್ದೇ ತೊಂದರೆ ಅನಿಸುತ್ತದೆ. ನಾನೂ ಅಲ್ಲೇ ಸಿಕ್ಕಿಕೊಂಡಿದ್ದೆ. ಬಿಡಿಸಿದ್ದು ಎರೆಹುಳ. ಡಾರ್ವಿನ್ ಅಂದರೆ ಎಲ್ಲರೂ 1859ರ 'ಆರಿಜಿನ್ ಆಫ್ ಸ್ಪೀಷೀಸ್' ಹೇಳುತ್ತಾರೆ, ಆದರೆ ಅವರ ಕೊನೆಯ ಪುಸ್ತಕ ಎರೆಹುಳುಗಳ ಬಗ್ಗೆ. ಬಂದದ್ದು 1881ರಲ್ಲಿ, ಅವರು ತೀರಿಕೊಂಡದ್ದು ಮರುವರ್ಷ. ಹುಳುಗಳನ್ನು ಮಣ್ಣಿನ ಕುಂಡಗಳಲ್ಲಿ ಮನೆಯೊಳಗೇ ಇಟ್ಟುಕೊಂಡಿದ್ದರು. ಇವಕ್ಕೆ ಸದ್ದು ಕೇಳಿಸುತ್ತದಾ ಅಂತ ನೋಡಲು ಹತ್ತಿರದಲ್ಲೇ ಪಿಯಾನೋ ಬಾರಿಸಿದರು, ಬಸೂನ್ ಊದಿಸಿದರು. ಹುಳುಗಳು ಅಲುಗಲೇ ಇಲ್ಲ. ಅದೇ ಕುಂಡಗಳನ್ನು ಪಿಯಾನೋ ಮೇಲೆ ಇಟ್ಟು ಒಂದು ಸ್ವರ ಒತ್ತಿದಾಗ ಸರಕ್ಕನೆ ಬಿಲಕ್ಕೆ ಇಳಿದವು! ಕೇಳುವುದಿಲ್ಲ, ಅದುರಿದರೆ ಗೊತ್ತಾಗುತ್ತದೆ. ಇನ್ನೊಂದು ಕಡೆ, ಹುಳುಗಳು ಬಿಲದ ಬಾಯಿ ಮುಚ್ಚಲು ಎಲೆಯನ್ನು ಯಾವ ತುದಿ ಹಿಡಿದು ಎಳೆಯುತ್ತವೆ ಅನ್ನುವುದನ್ನು ತಿಳಿಯಲು ಕಾಗದದಲ್ಲಿ ಸಣ್ಣ ತ್ರಿಕೋನಗಳನ್ನು ಕತ್ತರಿಸಿ ನೆಲದ ಮೇಲೆ ಹರಡಿದರು. ಅರ್ಧಕ್ಕಿಂತ ಜಾಸ್ತಿ ತ್ರಿಕೋನಗಳನ್ನು ಹುಳುಗಳು ಚೂಪು ತುದಿಯಿಂದಲೇ ಎಳೆದಿದ್ದವು. ಇದನ್ನು ಓದಿದ ವಾರವೇ ನಾನೂ ಕತ್ತರಿ ಹಿಡಿದು ಕೂತೆ. ಮಗಳ ಜೊತೆ ಮಾಡಿ ನೋಡಿ, ರಾತ್ರಿ ಹರಡಿ ಬೆಳಿಗ್ಗೆ ಎಣಿಸಿದರೆ ಸಾಕು.

ಅದಾದ ಮೇಲೆ 'ಆರಿಜಿನ್' ಹಿಡಿಯಿರಿ. ಮೊದಲ ಅಧ್ಯಾಯದಲ್ಲಿ ಪಾರಿವಾಳಗಳ ಮಾತು ಉದ್ದಕ್ಕೆ ಬರುತ್ತದೆ, ಹಾರಿಸಬೇಡಿ. ಸಾಕುವವರು ಆರಿಸಿ ಆರಿಸಿ ಒಂದೇ ಕಾಡುಪಾರಿವಾಳದಿಂದ ಇಷ್ಟೆಲ್ಲ ತಳಿ ತೆಗೆದರು ಅನ್ನುವುದು ಮನಸ್ಸಿಗೆ ಕೂತರೆ ನಾಲ್ಕನೇ ಅಧ್ಯಾಯದ ನಿಸರ್ಗದ ಆಯ್ಕೆ ತಾನಾಗಿ ಅರ್ಥವಾಗುತ್ತದೆ. ಇಡೀ ಪುಸ್ತಕಕ್ಕೆ ಚಿತ್ರ ಒಂದೇ ಒಂದು. ಸಿಕ್ಕರೆ ಮೊದಲ ಮುದ್ರಣದ ಪಾಠವನ್ನೇ ಓದಿ. 1872ರ ಆರನೆಯದರಲ್ಲಿ ಆಕ್ಷೇಪಗಳಿಗೆ ಉತ್ತರ ಕೊಡುತ್ತಾ ಹೋಗಿ ಮಾತು ಭಾರವಾಗಿದೆ.

ಉತ್ತರ: ಮಗಳಿಗೆ ಫ್ರಾನ್ಸಿನ ಕೀಟಶಾಸ್ತ್ರಜ್ಞ ಫಾಬ್ರ್ ಅವರ ಕೀಟಗಳ ಬರಹ ಓದಿ ಹೇಳಿ. ಸಾಲಾಗಿ ಹೋಗುವ ಪೈನ್ ಕಂಬಳಿಹುಳುಗಳು ದೊಡ್ಡ ಕುಂಡದ ಅಂಚಿನ ಮೇಲೆ ಒಂದರ ಹಿಂದೆ ಒಂದು ಏಳು ದಿನ ಸುತ್ತಿದ ಕಥೆ ಅದರಲ್ಲಿದೆ. ಹೊಟ್ಟೆಗೆ ಬೇಕಾದ ಸೊಪ್ಪು ಹತ್ತಿರದಲ್ಲೇ ಇತ್ತು. ಫಾಬ್ರ್ ವಿಕಾಸವಾದವನ್ನು ಒಪ್ಪಿದವರಲ್ಲ, ಹಾಗಾಗಿ ಕಾರಣ ಹೇಳುವ ಕಡೆ ಸ್ವಲ್ಪ ನಿಧಾನವಾಗಿ ಓದಿ. ಕಣ್ಣಲ್ಲಿ ಕಂಡದ್ದನ್ನು ಹೇಳುವುದರಲ್ಲಿ ಮಾತ್ರ ಅವರ ಸಮಾನ ಇಲ್ಲ.

ಉತ್ತರ: ನಾನು ಮೇಲಿನವರ ಮಾತಿಗೆ ಇದನ್ನು ಸೇರಿಸುತ್ತೇನೆ. ಪುಸ್ತಕದ ಪಕ್ಕದಲ್ಲಿ ಒಂದು ಭೂತಗನ್ನಡಿ ಇರಲಿ, ಹತ್ತು ಪಟ್ಟು ದೊಡ್ಡದಾಗಿ ತೋರಿಸುವುದು ಸಾಕು. 'ಅತ್ತಿ ಹಣ್ಣು ಬಿಚ್ಚಿದರೆ ಬರೀ ಹುಳ' ಅನ್ನುತ್ತೇವಲ್ಲ, ಒಳಗೆ ಕೊಳೆತಿದೆ ಅನ್ನುವ ಅರ್ಥದಲ್ಲೇ ನಾನೂ ಆ ಮಾತು ಆಡುತ್ತಿದ್ದೆ. ಪರಾಗಸ್ಪರ್ಶದ ಬಗ್ಗೆ ಒಂದು ಪುಸ್ತಕ ಓದುವಾಗ ಗೊತ್ತಾಯಿತು, ಅತ್ತಿ ಕಾಯಿ ಅನ್ನುವುದೇ ಒಳಮುಖವಾಗಿ ಅರಳಿದ ನೂರಾರು ಸಣ್ಣ ಹೂಗಳ ಗೊಂಚಲು. ಹೆಣ್ಣು ಕಣಜ ತುದಿಯ ಸಣ್ಣ ತೂತಿನಿಂದ ನುಗ್ಗುತ್ತದೆ. ನುಗ್ಗುವಾಗ ಸಾಮಾನ್ಯವಾಗಿ ರೆಕ್ಕೆ ಮುರಿದೇ ಹೋಗುತ್ತದೆ. ಒಳಗೆ ಪರಾಗ ಹಚ್ಚಿ, ಮೊಟ್ಟೆ ಇಟ್ಟು ಅಲ್ಲೇ ಸಾಯುತ್ತದೆ. ಅದರ ಗಂಡುಮರಿಗಳಿಗೆ ರೆಕ್ಕೆಯೇ ಇಲ್ಲ, ಅವು ಕೂಡಿ, ಗೋಡೆಯಲ್ಲಿ ದಾರಿ ಕೊರೆದುಕೊಡುತ್ತವೆ, ಹೆಣ್ಣುಗಳು ಪರಾಗ ಹೊತ್ತು ಆ ದಾರಿಯಿಂದ ಬೇರೆ ಮರಕ್ಕೆ ಹಾರುತ್ತವೆ. ಓದುವುದು ಅಲ್ಲಿಗೇ ನಿಲ್ಲಿಸಿ ಒಂದು ಕಾಯಿ ತಂದು ಸೀಳಿದೆ. ಗನ್ನಡಿ ಕೆಳಗೆ ಕೂದಲಿನಷ್ಟು ಸಣ್ಣ ಮೀಸೆ ಅಲ್ಲಾಡಿಸುತ್ತಾ ಒಂದು ಕಪ್ಪು ಕಣಜ ಹೊರಗೆ ಬಂತು, ಮುಂಗಾಲಿನಿಂದ ಮುಖ ಒರೆಸಿಕೊಂಡಿತು, ಹಾರಿತು. ಅವತ್ತಿನಿಂದ ಆ ಗಾದೆ ನನಗೆ ಬೇರೆ ಥರ ಕೇಳಿಸುತ್ತದೆ. ಎದ್ದು ಹೋಗಿ ನೋಡುವಂತೆ ಮಾಡುವ ಪುಸ್ತಕ ಒಳ್ಳೆ ಪುಸ್ತಕ, ನನ್ನ ಲೆಕ್ಕ ಇಷ್ಟೇ.

ಉತ್ತರ: ಹಳೆ ಪುಸ್ತಕ ಕೊಳ್ಳುವಾಗ ಅಚ್ಚಾದ ವರ್ಷ ನೋಡಿ. ಮನುಷ್ಯನಿಗೆ 48 ಕ್ರೋಮೋಸೋಮ್ ಅಂತ ಬರೆದಿದ್ದರೆ ಅದು 1956ಕ್ಕಿಂತ ಹಿಂದಿನ ತಿಳಿವಳಿಕೆ, 46 ಅಂತ ತಿಳಿದದ್ದು ಆ ವರ್ಷ. ಹಾಗಂತ ಹಳೆಯದೆಲ್ಲ ಬಿಸಾಡಬೇಡಿ. ರೇಚೆಲ್ ಕಾರ್ಸನ್ ಅವರ 'ಸೈಲೆಂಟ್ ಸ್ಪ್ರಿಂಗ್' 1962ರದ್ದು. ಎಲ್ಮ್ ಮರಕ್ಕೆ ಡಿಡಿಟಿ ಅನ್ನುವ ಕೀಟನಾಶಕ ಹೊಡೆದರು, ಉದುರಿದ ಎಲೆಯನ್ನು ಎರೆಹುಳ ತಿಂದಿತು, ಆ ಹುಳ ತಿಂದು ರಾಬಿನ್ ಹಕ್ಕಿಗಳು ಸತ್ತವು. ಮೇಲೆ ಹೇಳಿದ ಡಾರ್ವಿನ್ ಹುಳುಗಳನ್ನು ಓದಿ ಆಮೇಲೆ ಇದಕ್ಕೆ ಬಂದರೆ ಎದೆ ಭಾರವಾಗುತ್ತದೆ. ಡಾಕಿನ್ಸ್ ಅವರ 1976ರ 'ಸೆಲ್ಫಿಶ್ ಜೀನ್' ಬಗ್ಗೆ ಒಂದು ಮಾತು. ಸ್ವಾರ್ಥಿಯಾಗಿ ಬದುಕಿ ಅಂತ ಅದು ಹೇಳುವುದಿಲ್ಲ, ಹೆಸರು ನೋಡಿ ದೂರ ಇಡಬೇಡಿ. ಆದರೆ ಅದು ಮೊದಲ ಪುಸ್ತಕ ಅಲ್ಲ, ನಾಲ್ಕನೆಯದೋ ಐದನೆಯದೋ ಆಗಲಿ.

ಉತ್ತರ: ಕನ್ನಡದಲ್ಲಿ ಬಿ.ಜಿ.ಎಲ್. ಸ್ವಾಮಿ ಅವರ 'ಹಸುರು ಹೊನ್ನು' ಯಾಕೆ ಯಾರೂ ಹೇಳಲಿಲ್ಲ? ವಿದ್ಯಾರ್ಥಿಗಳನ್ನು ಕಟ್ಟಿಕೊಂಡು ಕಾಡು ಸುತ್ತಿದ ಸಸ್ಯಶಾಸ್ತ್ರದ ಮೇಷ್ಟ್ರ ಬರಹ, 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದದ್ದು ಅದಕ್ಕೇ. ಗಿಡದ ಹೆಸರುಗಳೂ ನಗುವೂ ಒಟ್ಟಿಗೆ ಬರುತ್ತವೆ. ತೇಜಸ್ವಿ ಅವರ 'ಕರ್ವಾಲೊ' ಕಾದಂಬರಿ, ನಿಜ, ಆದರೆ ಒಂದು ಹಾರುವ ಓತಿಯನ್ನು ಹುಡುಕಿಕೊಂಡು ಹೋಗುವ ಹುಚ್ಚು ಎಂಥದ್ದು ಅಂತ ಅದನ್ನು ಓದಿಯೇ ನನಗೆ ಗೊತ್ತಾದದ್ದು.

ಕೇಳಿದವರು: ಎಲ್ಲರಿಗೂ ಥ್ಯಾಂಕ್ಸ್. ಕಾಗದದ ತ್ರಿಕೋನ ಆಗಲೇ ಕತ್ತರಿಸಿ ಆಯಿತು, ಮಗಳು ಬಣ್ಣ ಬೇರೆ ಹಚ್ಚಿದ್ದಾಳೆ. ಹಾಗಾದರೆ ಆ ಎರಡು ದಪ್ಪ ಪುಸ್ತಕ ಏನು ಮಾಡಲಿ?

ಉತ್ತರ: ಇಟ್ಟುಕೊಳ್ಳಿ, ಕೊನೆಯ ಪುಟಗಳಿಂದ ಓದಿ. ಪದಸೂಚಿ ಇರುತ್ತದಲ್ಲ, ಬೇರೆ ಕಡೆ ಎದುರಾದ ಪದವನ್ನು ಅಲ್ಲಿ ಹುಡುಕಿ ಅಷ್ಟೇ ಪುಟ ಓದಿ. ನನಗೆ ಮೈಟೋಕಾಂಡ್ರಿಯ ಒಲಿದದ್ದು ಹಾಗೆ. ಅದು ಒಂದು ಕಾಲದಲ್ಲಿ ತನ್ನ ಪಾಡಿಗೆ ಬದುಕಿದ್ದ ಬ್ಯಾಕ್ಟೀರಿಯ, ಇನ್ನೊಂದು ಜೀವಕೋಶದ ಒಳಗೆ ಸೇರಿ ಅಲ್ಲೇ ಉಳಿಯಿತು ಅಂತ ಲಿನ್ ಮಾರ್ಗುಲಿಸ್ 1967ರಲ್ಲಿ ವಾದಿಸಿದಾಗ ಒಪ್ಪಿದವರು ಕಡಿಮೆ. ಇವತ್ತು ಅದು ಪಠ್ಯದಲ್ಲಿದೆ. ಅದಕ್ಕೆ ಈಗಲೂ ತನ್ನದೇ ಡಿಎನ್‌ಎ ಇದೆ, ತನ್ನದೇ ರೈಬೋಸೋಮ್ ಇದೆ, ಅದು ಇಬ್ಭಾಗವಾಗಿಯೇ ಹೆಚ್ಚುತ್ತದೆ. ಆ ಡಿಎನ್‌ಎ ಮಕ್ಕಳಿಗೆ ಬರುವುದು ತಾಯಿಯಿಂದ. ನಿಮ್ಮ ಮಗಳದ್ದು ನಿಮ್ಮಿಂದ ಬಂದದ್ದು, ನಿಮ್ಮದು ನಿಮ್ಮ ಅಮ್ಮನಿಂದ. ಇದನ್ನು ಅವಳಿಗೆ ಹೇಳಿ, ಆಮೇಲೆ ಇಬ್ಬರೂ ಕೂತು ಆ ಜೀವಕೋಶದ ಚಿತ್ರ ತೆಗೆಯಿರಿ.