ಆಟಿಸಂ ಜೊತೆಗಿನ ಬದುಕಿನ ಕುರಿತ ಆತ್ಮಕಥನಗಳು: ಯಾವುದರಿಂದ ಓದಲು ಆರಂಭಿಸಲಿ?

ಪ್ರಶ್ನೆ: ಶಿವಮೊಗ್ಗದ ಓದುಗಿ

ನಮ್ಮ ಮಗನಿಗೆ ಈಗ ಐದು ವರ್ಷ. ಅವನಿಗೆ ಆಟಿಸಂ ಇದೆಯೆಂದು ತಜ್ಞರು ಹೇಳಿದ್ದು ಕಳೆದ ವರ್ಷ. ಮಾತು ಇನ್ನೂ ಬಂದಿಲ್ಲ. ಬಾಯಾರಿದಾಗ ನನ್ನ ಮುಖವನ್ನು ನೋಡುವುದಿಲ್ಲ; ನನ್ನ ಕೈ ಹಿಡಿದು ಎಳೆದುಕೊಂಡು ಹೋಗಿ ನೀರಿನ ಲೋಟದ ಮೇಲೆ ಇಡುತ್ತಾನೆ. ಮಿಕ್ಸಿ ಹಾಕಿದರೆ ಕಿವಿ ಮುಚ್ಚಿಕೊಂಡು ಹಿತ್ತಲಿಗೆ ಓಡುವವನು, ಅದೇ ಮಿಕ್ಸಿ ಜಾರಿನ ಮುಚ್ಚಳವನ್ನು ನೆಲದ ಮೇಲೆ ಗಿರಗಿರನೆ ತಿರುಗಿಸುತ್ತ ಎಷ್ಟು ಹೊತ್ತಾದರೂ ಕೂರಬಲ್ಲ.

ತರಬೇತಿ, ಶಾಲೆ ಮೊದಲಾದವುಗಳ ಬಗ್ಗೆ ಕೇಳಲು ನಮಗೆ ಜನರಿದ್ದಾರೆ. ನಾನು ಕೇಳಬೇಕಾಗಿರುವುದು ಪುಸ್ತಕಗಳ ಬಗ್ಗೆ. ಇಂಗ್ಲಿಷಿನಲ್ಲಿ ಆಟಿಸಂ ಕುರಿತ ಆತ್ಮಕಥನಗಳು ಬಹಳಷ್ಟಿವೆ ಎಂದು ಗೊತ್ತು. ಆದರೆ ತಂದೆತಾಯಿಯರು ಬರೆದದ್ದನ್ನು ಮೊದಲು ಓದಬೇಕೋ, ಆಟಿಸಂ ಇರುವವರೇ ಬರೆದದ್ದನ್ನೋ ಎಂಬುದು ತಿಳಿಯುತ್ತಿಲ್ಲ. ಐವತ್ತು ವರ್ಷ ಹಳೆಯ ಪುಸ್ತಕಗಳು ಈಗಲೂ ಪ್ರಯೋಜನಕ್ಕೆ ಬರುತ್ತವೆಯೇ? ಇನ್ನೊಂದು ಮಾತು. ನಮ್ಮ ಅತ್ತೆಯವರು ಒಳ್ಳೆಯ ಓದುಗರು, ಆದರೆ ಕನ್ನಡ ಮಾತ್ರ ಓದಬಲ್ಲರು. ನಾನು ಮಗುವಿನೊಡನೆ ಸಾಕಷ್ಟು ಮಾತನಾಡದೆ ಮೊಬೈಲ್ ಹಿಡಿದು ಕೂತದ್ದರಿಂದಲೇ ಹೀಗಾಯಿತು ಎಂಬುದು ಅವರ ದೃಢ ನಂಬಿಕೆ. ಅವರ ಮುಂದೆ ಇಡಬಹುದಾದದ್ದು ಏನಾದರೂ ಇದ್ದರೆ ದಯವಿಟ್ಟು ತಿಳಿಸಿ.

ಉತ್ತರ: ಮೈಸೂರಿನ ವಿಶೇಷ ಶಿಕ್ಷಕಿ

ನಿಮ್ಮ ಪ್ರಶ್ನೆಯ ಕೊನೆಯ ಭಾಗದಿಂದಲೇ ಆರಂಭಿಸುತ್ತೇನೆ, ಏಕೆಂದರೆ ನಾನು ಮೊದಲು ಸೂಚಿಸಬೇಕೆಂದಿರುವ ಪುಸ್ತಕ ಹುಟ್ಟಿದ್ದೇ ಆ ಆರೋಪದ ನಡುವೆ. ಕ್ಲಾರಾ ಕ್ಲೇಬೋರ್ನ್ ಪಾರ್ಕ್ ಎಂಬ ಅಮೆರಿಕದ ಅಧ್ಯಾಪಕಿ 1967ರಲ್ಲಿ ‘ದಿ ಸೀಜ್’ ಪ್ರಕಟಿಸಿದರು. ಅದು ಅವರ ಕೊನೆಯ ಮಗಳ ಮೊದಲ ಎಂಟು ವರ್ಷಗಳ ಕಥೆ. ಪುಸ್ತಕದಲ್ಲಿ ಆಕೆಯ ಹೆಸರು ಎಲಿ, ನಿಜ ಜೀವನದಲ್ಲಿ ಜೆಸ್ಸಿ. ಅದೇ 1967ರಲ್ಲಿ ಷಿಕಾಗೋದಲ್ಲಿ ಮಕ್ಕಳ ವಸತಿ ಶಾಲೆಯೊಂದನ್ನು ನಡೆಸುತ್ತಿದ್ದ ಬ್ರೂನೋ ಬೆಟಲ್‌ಹೈಮ್ ಅವರ ‘ದಿ ಎಂಪ್ಟಿ ಫೋರ್ಟ್ರೆಸ್’ ಕೂಡ ಹೊರಬಂತು. ತಾಯಿಯ ತಣ್ಣನೆಯ ಮನಸ್ಸೇ ಮಗುವನ್ನು ಹೀಗೆ ಒಳಗೆ ಮುದುಡಿಕೊಳ್ಳುವಂತೆ ಮಾಡುತ್ತದೆ ಎಂಬ ವಾದಕ್ಕೆ ಅದು ವಿದ್ವತ್ತಿನ ಮುದ್ರೆ ಒತ್ತಿತು. ನಿಮ್ಮ ಅತ್ತೆಯವರು ಹೇಳುತ್ತಿರುವುದನ್ನು ಆ ಕಾಲದಲ್ಲಿ ಹೆಸರಾಂತ ಮನೋವೈದ್ಯರೇ ಹೇಳುತ್ತಿದ್ದರು, ಮೊಬೈಲ್ ಒಂದನ್ನು ಬಿಟ್ಟು.

ಪಾರ್ಕ್ ಅದಕ್ಕೆ ಜಗಳದ ಧ್ವನಿಯಲ್ಲಿ ಉತ್ತರಿಸಲಿಲ್ಲ. ಮಗಳು ನೆಲದ ಮೇಲಿನ ಒಂದೇ ಚುಕ್ಕಿಯ ಸುತ್ತ ಅಂಬೆಗಾಲಿಡುತ್ತ ತನ್ನಷ್ಟಕ್ಕೆ ನಗುತ್ತಿದ್ದ ದೃಶ್ಯದಿಂದ ಮೊದಲುಗೊಂಡು, ಕಂಡದ್ದನ್ನು ಕಂಡ ಹಾಗೆ ಬರೆಯುತ್ತ ಹೋದರು. ಅದೇ ಪ್ರೀತಿಯಲ್ಲಿ ಬೆಳೆದ ಹಿರಿಯ ಮಕ್ಕಳು ಮೂವರು ಮನೆಯಲ್ಲಿದ್ದರು ಎಂಬುದೇ ದೊಡ್ಡ ಸಾಕ್ಷಿಯಾಗಿತ್ತು. ಅದಕ್ಕೂ ಮೊದಲು, 1964ರಲ್ಲಿ, ಸ್ವತಃ ಆಟಿಸಂ ಇರುವ ಮಗನ ತಂದೆಯಾಗಿದ್ದ ಮನಶ್ಶಾಸ್ತ್ರಜ್ಞ ಬರ್ನಾರ್ಡ್ ರಿಮ್‌ಲ್ಯಾಂಡ್ ಇದು ಹುಟ್ಟಿನಿಂದಲೇ ಬಂದ ನರಮಂಡಲದ ಭಿನ್ನತೆ ಎಂದು ವಾದಿಸಿ ಗ್ರಂಥ ಬರೆದಿದ್ದರು. 1943ರಲ್ಲಿ ಹನ್ನೊಂದು ಮಕ್ಕಳನ್ನು ವಿವರಿಸಿ ಆಟಿಸಂ ಅನ್ನು ವೈದ್ಯಲೋಕದ ಗಮನಕ್ಕೆ ತಂದ ಲಿಯೋ ಕ್ಯಾನರ್, ತಂದೆತಾಯಿಯರ ಮೇಲಿನ ದೋಷಾರೋಪಕ್ಕೆ ತಾವೂ ಒಂದಿಷ್ಟು ಕಾರಣರಾಗಿದ್ದರೂ, 1969ರಲ್ಲಿ ಪೋಷಕರ ಸಭೆಯೊಂದರಲ್ಲಿ ಅವರನ್ನು ದೋಷಮುಕ್ತರೆಂದು ಬಹಿರಂಗವಾಗಿ ಸಾರಿದರು. ಈ ಮೂರು ಸಂಗತಿಗಳನ್ನು ಇಸವಿ ಸಮೇತ ಅತ್ತೆಯವರಿಗೆ ಹೇಳಿ ನೋಡಿ. ಓದುವ ಹವ್ಯಾಸದ ಹಿರಿಯರು ಸೊಸೆಯ ಮಾತಿಗೆ ಬಗ್ಗದಿದ್ದರೂ ಇತಿಹಾಸಕ್ಕೆ ಕಿವಿಗೊಡುವುದುಂಟು.

‘ದಿ ಸೀಜ್’ ಮುಗಿದ ಮೇಲೆ ಅವರದೇ ‘ಎಕ್ಸಿಟಿಂಗ್ ನಿರ್ವಾಣ’ ಓದಿ, 2001ರಲ್ಲಿ ಬಂದದ್ದು. ಜೆಸ್ಸಿ ಆ ಹೊತ್ತಿಗೆ ನಲವತ್ತು ದಾಟಿದ್ದಳು. ಕಾಲೇಜೊಂದರ ಅಂಚೆ ವಿಭಾಗದಲ್ಲಿ ಕೆಲಸ ಮಾಡುತ್ತ, ಮನೆಗಳನ್ನೂ ವಿದ್ಯುತ್ ಹೀಟರುಗಳನ್ನೂ ಯಾರೂ ಊಹಿಸದ ಬಣ್ಣಗಳಲ್ಲಿ, ಮೇಲೆ ಕರಾರುವಾಕ್ಕಾದ ನಕ್ಷತ್ರಗಳಿರುವ ಆಕಾಶದೊಡನೆ ಚಿತ್ರಿಸುತ್ತಿದ್ದಳು. ಐದು ವರ್ಷದ ಮಗುವಿನ ತಾಯಿಗೆ ಮುಂದಿನ ನಲವತ್ತು ವರ್ಷಗಳನ್ನು ಸುಳ್ಳು ಭರವಸೆಯಿಲ್ಲದೆ ತೋರಿಸುವ ಪುಸ್ತಕಗಳು ವಿರಳ.

ಒಂದು ಎಚ್ಚರಿಕೆಯನ್ನೂ ಹೇಳಬೇಕು. 1993ರಲ್ಲಿ ಬಂದ ಕ್ಯಾಥರಿನ್ ಮಾರೀಸ್ ಅವರ ‘ಲೆಟ್ ಮಿ ಹಿಯರ್ ಯುವರ್ ವಾಯ್ಸ್’ ಬಹಳ ಬೇಗ ನಿಮ್ಮ ಕೈಗೆ ಬರುತ್ತದೆ. ತೀವ್ರ ತರಬೇತಿಯಿಂದ ತಮ್ಮ ಇಬ್ಬರು ಮಕ್ಕಳೂ ಆಟಿಸಂನಿಂದ ಪೂರ್ತಿ ಹೊರಬಂದರು ಎಂದು ಬರೆದ ತಾಯಿಯ ಕಥೆ ಅದು, ಓದಿಸಿಕೊಂಡು ಹೋಗುತ್ತದೆ. ಆದರೆ ಆ ಫಲವೇ ಎಲ್ಲರ ಮನೆಯಲ್ಲೂ ಬರಬೇಕಿತ್ತು ಎಂದುಕೊಂಡು, ಬಾರದಿದ್ದಾಗ ತಮ್ಮನ್ನೇ ಹಳಿದುಕೊಂಡ ತಾಯಂದಿರನ್ನು ನನ್ನ ತರಗತಿಯ ಬಾಗಿಲಲ್ಲಿ ಕಂಡಿದ್ದೇನೆ. ಅದನ್ನು ಮೊದಲನೆಯದಾಗಿ ಓದಬೇಡಿ. ಲಸಿಕೆಯಿಂದ ಆಟಿಸಂ ಬರುತ್ತದೆ ಎನ್ನುವ ಪುಸ್ತಕಗಳನ್ನಂತೂ ಮುಟ್ಟಲೇಬೇಡಿ. ಆ ಮಾತಿಗೆ ಆಧಾರವಾಗಿದ್ದ 1998ರ ಲೇಖನವನ್ನು ‘ಲ್ಯಾನ್ಸೆಟ್’ ಪತ್ರಿಕೆಯೇ 2010ರಲ್ಲಿ ಹಿಂತೆಗೆದುಕೊಂಡಿದೆ.

ಉತ್ತರ: ಬೆಂಗಳೂರಿನ ಉದ್ಯೋಗಿ, ಸ್ವತಃ ಆಟಿಸಂ ಇರುವವನು

ಶಿಕ್ಷಕಿಯವರ ಸಲಹೆಯನ್ನು ಗೌರವಿಸುತ್ತಲೇ ಸ್ವಲ್ಪ ಭಿನ್ನವಾಗಿ ಹೇಳುತ್ತೇನೆ. ತಂದೆತಾಯಿಯರ ಪುಸ್ತಕಗಳಲ್ಲಿ, ಅತ್ಯಂತ ಪ್ರೀತಿಯಿಂದ ಬರೆದವುಗಳಲ್ಲೂ, ಮಗು ಒಂದು ಒಗಟು, ಬಿಡಿಸುವವರು ದೊಡ್ಡವರು. ಅವು ನಿಮ್ಮ ಒಂಟಿತನಕ್ಕೆ ಜೊತೆಯಾಗುತ್ತವೆ ನಿಜ. ಮಿಕ್ಸಿಯ ಸದ್ದು ನಿಮ್ಮ ಮಗನಿಗೆ ಒಳಗಿನಿಂದ ಹೇಗೆ ಕೇಳಿಸುತ್ತದೆ ಎಂಬುದನ್ನು ಹೇಳಬಲ್ಲವರು ಬೇರೆ.

ಟೆಂಪಲ್ ಗ್ರ್ಯಾಂಡಿನ್ ಅವರಿಂದ ಆರಂಭಿಸಿ. 1947ರಲ್ಲಿ ಬಾಸ್ಟನ್ನಿನಲ್ಲಿ ಹುಟ್ಟಿದ ಅವರು ಜಾನುವಾರುಗಳನ್ನು ನಿಭಾಯಿಸುವ ಕಟ್ಟೆ, ದಾರಿಗಳ ವಿನ್ಯಾಸದಲ್ಲಿ ದೊಡ್ಡ ಹೆಸರು. 1986ರಲ್ಲಿ ‘ಎಮರ್ಜೆನ್ಸ್’ ಬಂತು. ಆಟಿಸಂ ಇರುವವರೊಬ್ಬರು ತಮ್ಮ ಕಥೆಯನ್ನು ತಾವೇ ಹೇಳಬಲ್ಲರು ಎಂಬುದನ್ನು ಆಗ ಅನೇಕ ತಜ್ಞರು ನಂಬಲು ಸಿದ್ಧರಿರಲಿಲ್ಲ. 1995ರ ‘ಥಿಂಕಿಂಗ್ ಇನ್ ಪಿಕ್ಚರ್ಸ್’ ಅದಕ್ಕಿಂತ ಪಕ್ವವಾದದ್ದು. ಅಪ್ಪುಗೆಯನ್ನು ಬಯಸುತ್ತಿದ್ದ, ಆದರೆ ಯಾರಾದರೂ ಅಪ್ಪಿಕೊಂಡರೆ ಆ ಸ್ಪರ್ಶದ ಪ್ರವಾಹವನ್ನು ತಾಳಲಾರದ ಹುಡುಗಿ, ಚಿಕ್ಕಮ್ಮನ ಜಾನುವಾರು ಕ್ಷೇತ್ರದಲ್ಲಿ ಚುಚ್ಚುಮದ್ದು ಹಾಕುವಾಗ ದನಗಳನ್ನು ಎರಡೂ ಬದಿಯಿಂದ ಒತ್ತಿ ಹಿಡಿಯುವ ಚೌಕಟ್ಟನ್ನು ನೋಡಿ, ಅದರೊಳಗೆ ಅವು ಶಾಂತವಾಗುವುದನ್ನು ಗಮನಿಸಿ, ತನಗಾಗಿ ಅಂಥದೇ ಯಂತ್ರವನ್ನು ಮಾಡಿಕೊಂಡ ಭಾಗವನ್ನು ಓದಿ. ಒತ್ತಡದ ಪ್ರಮಾಣ ಎಷ್ಟಿರಬೇಕೆಂಬುದು ಆಕೆಯ ಕೈಯಲ್ಲೇ ಇತ್ತು ಎಂಬುದು ಅಲ್ಲಿ ಮುಖ್ಯ. ನಮ್ಮ ಮನೆಗಳಲ್ಲಿ ಬಂದ ನೆಂಟರೆಲ್ಲ ಮಗುವನ್ನು ಎತ್ತಿ ಮುದ್ದಾಡಲೇಬೇಕು, ಅದು ಕಿರುಚಿದರೆ ‘ಮುಂಗೋಪಿ’ ಎನ್ನಬೇಕು.

ಗ್ರ್ಯಾಂಡಿನ್ ಬಗ್ಗೆ ನನ್ನ ತಕರಾರೂ ಇದೆ. ಆಟಿಸಂ ಇರುವವರೆಲ್ಲ ಚಿತ್ರಗಳಲ್ಲೇ ಯೋಚಿಸುತ್ತಾರೆ ಎಂಬಂತೆ ಮೊದಲು ಬರೆದಿದ್ದರು. 2006ರ ವಿಸ್ತೃತ ಆವೃತ್ತಿಯಲ್ಲಿ ಅದು ಸರಿಯಲ್ಲವೆಂದು ಅವರೇ ತಿದ್ದಿಕೊಂಡರು. ನನಗೆ ಚಿತ್ರಗಳು ಬರುವುದೇ ಇಲ್ಲ, ಬರೀ ಪದಗಳು. ಆದ್ದರಿಂದ ಕೊಳ್ಳುವುದಾದರೆ ಆ ಆವೃತ್ತಿಯನ್ನೇ ಕೊಳ್ಳಿ, ಮತ್ತು ಒಬ್ಬರ ಪುಸ್ತಕವನ್ನು ಎಲ್ಲರ ಜಾತಕವೆಂದು ಓದಬೇಡಿ. ಆಸ್ಟ್ರೇಲಿಯಾದ ಡೋನಾ ವಿಲಿಯಮ್ಸ್ ಅವರ ‘ನೋಬಡಿ ನೋವೇರ್’ (1992) ಗ್ರ್ಯಾಂಡಿನ್ನರ ಲೋಕಕ್ಕೆ ತೀರ ದೂರದ್ದು: ಗಾಳಿಯಲ್ಲಿ ತೇಲುವ ಚುಕ್ಕೆಗಳಲ್ಲಿ ಕಳೆದುಹೋಗುವ ಬಾಲ್ಯ, ಹೊರಗಿನವರನ್ನು ಎದುರಿಸಲು ಕ್ಯಾರೊಲ್, ವಿಲಿ ಎಂಬ ಎರಡು ವೇಷಗಳು. ಮನೆಯೊಳಗಿನ ಹಿಂಸೆಯ ವಿವರಗಳಿರುವುದರಿಂದ ಮನಸ್ಸು ಗಟ್ಟಿಯಿರುವಾಗ ಮಾತ್ರ ಓದಿ.

ಜಿಮ್ ಸಿಂಕ್ಲೇರ್ 1993ರಲ್ಲಿ ಬರೆದ ‘ಡೋಂಟ್ ಮೋರ್ನ್ ಫಾರ್ ಅಸ್’ ಪುಸ್ತಕವಲ್ಲ, ಕೆಲವೇ ಪುಟಗಳ ಪ್ರಬಂಧ, ಪೋಷಕರನ್ನೇ ಉದ್ದೇಶಿಸಿದ್ದು. ನೀವು ಅಳುತ್ತಿರುವುದು ಹುಟ್ಟದೇ ಹೋದ ಒಂದು ಕಲ್ಪನೆಯ ಮಗುವಿಗಾಗಿ, ಆ ದುಃಖವನ್ನು ಬೇರೆಡೆ ತೀರಿಸಿಕೊಳ್ಳಿ, ಹುಟ್ಟಿದ ಮಗು ಇಲ್ಲಿ ಕಾಯುತ್ತಿದೆ ಎಂಬುದು ಅದರ ಸಾರ. ಕಟುವೆನಿಸಬಹುದು. ನನ್ನ ತಾಯಿಗೆ ಸಕಾಲದಲ್ಲಿ ಯಾರಾದರೂ ಇದನ್ನು ಓದಿ ಹೇಳಿದ್ದರೆ ಚೆನ್ನಾಗಿತ್ತು ಎಂದು ನನಗೆ ಈಗಲೂ ಅನ್ನಿಸುತ್ತದೆ.

ಉತ್ತರ: ಧಾರವಾಡದ ನಿವೃತ್ತ ಗ್ರಂಥಪಾಲಕ

ಮೇಲಿನ ಪುಸ್ತಕಗಳನ್ನು ಬರೆದವರೆಲ್ಲ ಮಾತು ಬಂದವರು. ಈ ತಾಯಿಯ ಮಗನಿಗೆ ಮಾತು ಬಂದಿಲ್ಲ. ಆದ್ದರಿಂದ ಇನ್ನಿಬ್ಬರ ವಿಷಯ ಹೇಳಲೇಬೇಕು, ಅವರ ಸುತ್ತಲಿನ ವಿವಾದವನ್ನು ಮುಚ್ಚಿಡದೆ.

ಒಬ್ಬರು ನಮ್ಮ ನಾಡಿನ ನಂಟಿರುವವರು. ತೀತೋ ರಾಜರ್ಷಿ ಮುಖೋಪಾಧ್ಯಾಯ 1988ರಲ್ಲಿ ಹುಟ್ಟಿದ ಬಂಗಾಳಿ ಹುಡುಗ. ಬಾಲ್ಯದ ಕೆಲವು ವರ್ಷಗಳನ್ನು ತಾಯಿ ಸೋಮಾ ಅವರೊಡನೆ ಮೈಸೂರು, ಬೆಂಗಳೂರುಗಳಲ್ಲಿ ಕಳೆದವರು. ತಾಯಿ ಅಕ್ಷರದ ಹಲಗೆಯಲ್ಲಿ ಕಲಿಸಿದರು. ಬೆರಳು ಹಿಡಿತ ನಿಲ್ಲದಿದ್ದಾಗ ಪೆನ್ಸಿಲನ್ನು ರಬ್ಬರ್ ಬ್ಯಾಂಡಿನಿಂದ ಕೈಗೆ ಕಟ್ಟಿ ಬರೆಸಿದರು. ಎಂಟು ಮತ್ತು ಹನ್ನೊಂದನೆಯ ವಯಸ್ಸಿನಲ್ಲಿ ಬರೆದ ಭಾಗಗಳು ಸೇರಿ 2000ದಲ್ಲಿ ಬ್ರಿಟನ್ನಿನಲ್ಲಿ ‘ಬಿಯಾಂಡ್ ದಿ ಸೈಲೆನ್ಸ್’ ಆಗಿ ಬಂತು. ಅಮೆರಿಕದಲ್ಲಿ 2003ರಲ್ಲಿ ಅದರ ಹೆಸರು ‘ದಿ ಮೈಂಡ್ ಟ್ರೀ’. ಅಲ್ಲಿ ಅವನು ತನ್ನನ್ನು ‘ಆ ಹುಡುಗ’ ಎಂದೇ ಕರೆದುಕೊಳ್ಳುತ್ತಾನೆ. 2008ರ ‘ಹೌ ಕ್ಯಾನ್ ಐ ಟಾಕ್ ಇಫ್ ಮೈ ಲಿಪ್ಸ್ ಡೋಂಟ್ ಮೂವ್’ ಕೃತಿಯಲ್ಲಿ ಕನ್ನಡಿ, ನೆರಳುಗಳ ಕುರಿತ ಬರವಣಿಗೆ, ನನ್ನ ಅಭಿಪ್ರಾಯದಲ್ಲಿ, ಸಾಹಿತ್ಯವೆಂದೇ ಓದಬೇಕಾದದ್ದು.

ಇನ್ನೊಬ್ಬರು ಜಪಾನಿನ ನವೋಕಿ ಹಿಗಾಶಿದಾ. ಹದಿಮೂರರ ವಯಸ್ಸಿನಲ್ಲಿ ಬರೆದ ಪುಸ್ತಕ 2007ರಲ್ಲಿ ಪ್ರಕಟವಾಗಿ, 2013ರಲ್ಲಿ ‘ದಿ ರೀಸನ್ ಐ ಜಂಪ್’ ಎಂದು ಇಂಗ್ಲಿಷಿಗೆ ಬಂತು, ಅನುವಾದಿಸಿದ ಕೆ.ಎ. ಯೋಶಿದಾ, ಕಾದಂಬರಿಕಾರ ಡೇವಿಡ್ ಮಿಚೆಲ್ ದಂಪತಿಗೂ ಆಟಿಸಂ ಇರುವ ಮಗನಿದ್ದಾನೆ. ಏಕೆ ಜಿಗಿಯುತ್ತೀ, ಕೇಳಿದ್ದನ್ನೇ ಏಕೆ ಕೇಳುತ್ತೀ, ಆಟಿಕೆಗಳನ್ನು ಏಕೆ ಸಾಲಾಗಿ ಜೋಡಿಸುತ್ತೀ ಎಂಬಂಥ 58 ಪ್ರಶ್ನೆಗಳಿಗೆ ಚಿಕ್ಕ ಚಿಕ್ಕ ಉತ್ತರಗಳು.

ವಿವಾದ ಇರುವುದು ಇಂಥ ಬರಹ ನಿಜಕ್ಕೂ ಯಾರದು ಎಂಬುದರಲ್ಲಿ. 1990ರ ದಶಕದಲ್ಲಿ, ಸಹಾಯಕರು ಕೈ ಹಿಡಿದು ಟೈಪ್ ಮಾಡಿಸುತ್ತಿದ್ದ ವಿಧಾನವೊಂದನ್ನು ಪರೀಕ್ಷಿಸಿದಾಗ, ಸಹಾಯಕರಿಗೂ ಮಗುವಿಗೂ ಬೇರೆ ಬೇರೆ ಚಿತ್ರ ತೋರಿಸಿದರೆ ಸಹಾಯಕರು ಕಂಡ ಚಿತ್ರದ ಹೆಸರೇ ಮೂಡುತ್ತಿತ್ತು. ಮಕ್ಕಳು ಮೋಸ ಮಾಡಲಿಲ್ಲ, ಸಹಾಯಕರಿಗೂ ತಾವೇ ಬರೆಸುತ್ತಿದ್ದೇವೆಂಬ ಅರಿವಿರಲಿಲ್ಲ. ಸೋಮಾ ಅವರು ಮುಂದೆ ಅಮೆರಿಕದಲ್ಲಿ ಪ್ರಚಾರಕ್ಕೆ ತಂದ ವಿಧಾನವನ್ನೂ ಅಲ್ಲಿನ ವಾಕ್ ಶ್ರವಣ ತಜ್ಞರ ಸಂಘ 2018ರಲ್ಲಿ, ವೈಜ್ಞಾನಿಕ ಆಧಾರ ಸಾಲದೆಂದು, ಶಿಫಾರಸು ಮಾಡಲಾಗದೆಂದಿತು. ಇದರಿಂದ ತೀತೋ ಬರೆದದ್ದೆಲ್ಲ ಸುಳ್ಳೆಂದು ಆಗುವುದಿಲ್ಲ. ಅವನು ಕೈಯಿಂದ ಬರೆಯಬಲ್ಲವನು. ಆದರೆ ಅವನ ಪುಸ್ತಕ ಓದಿದ ಭರದಲ್ಲಿ ಆ ವಿಧಾನವನ್ನು ಕಲಿಸುತ್ತೇವೆನ್ನುವವರ ಬಳಿಗೆ ಓಡುವ ಮುನ್ನ ನಿಮ್ಮ ವಾಕ್ ಚಿಕಿತ್ಸಕರನ್ನು ಕೇಳಿ. ಪುಸ್ತಕವನ್ನು ಮೆಚ್ಚುವುದು ಬೇರೆ, ಅದನ್ನು ಚಿಕಿತ್ಸೆಯ ಕೈಪಿಡಿ ಮಾಡಿಕೊಳ್ಳುವುದು ಬೇರೆ.

ಉತ್ತರ: ಪುತ್ತೂರಿನ ತಂದೆ

ಅತ್ತೆಯವರ ವಿಷಯಕ್ಕೆ ಮಾತ್ರ ಉತ್ತರಿಸುತ್ತೇನೆ. ನಮ್ಮಮ್ಮನೂ ಕನ್ನಡ ಮಾತ್ರ ಓದುವವರು. ಹಿಗಾಶಿದಾ ಪುಸ್ತಕದ ಒಂದೊಂದು ಪ್ರಶ್ನೆಯನ್ನು ರಾತ್ರಿ ಊಟವಾದ ಮೇಲೆ ಕನ್ನಡದಲ್ಲಿ ಹೇಳುತ್ತಿದ್ದೆ. ಬೋಧನೆಯಂತೆ ಹೇಳಿದರೆ ಎದ್ದು ಹೋಗುತ್ತಿದ್ದರು. ಆದ್ದರಿಂದ ಮೊದಲು ಪ್ರಶ್ನೆಯನ್ನಷ್ಟೇ ಓದಿ, ‘ನಮ್ಮ ಮಗಳು ಇದಕ್ಕೆ ಏನು ಹೇಳಿಯಾಳು?’ ಎಂದು ಕೇಳುತ್ತಿದ್ದೆ. ಅವರು ತಮ್ಮ ಉತ್ತರ ಹೇಳಿದ ಮೇಲೆ ಜಪಾನಿನ ಹುಡುಗನದು. ಮದುವೆ ಮನೆಯಲ್ಲಿ ವಾಲಗ ಶುರುವಾಗುವ ಮುಂಚೆಯೇ ಮೊಮ್ಮಗಳನ್ನು ಹೊರಗೆ ಕರೆದುಕೊಂಡು ಹೋಗಬೇಕೆಂದು ಈಗ ನನಗೆ ನೆನಪಿಸುವವರು ಅವರೇ. ಪುಸ್ತಕ ಯಾರದೆಂಬ ಚರ್ಚೆ ಏನೇ ಇರಲಿ, ಆ ಪ್ರಶ್ನೆಗಳಂತೂ ನಮ್ಮವೇ.

ಪ್ರತಿಕ್ರಿಯೆ: ಶಿವಮೊಗ್ಗದ ಓದುಗಿ

ಎಲ್ಲರಿಗೂ ಧನ್ಯವಾದಗಳು. ಗ್ರ್ಯಾಂಡಿನ್ ಅವರ 2006ರ ಆವೃತ್ತಿಯನ್ನು ನನಗಾಗಿ, ‘ದಿ ರೀಸನ್ ಐ ಜಂಪ್’ ಅನ್ನು ಅತ್ತೆಯವರಿಗೆ ಹೇಳಲೆಂದು ತರಿಸಿಕೊಳ್ಳುತ್ತಿದ್ದೇನೆ. ‘ದಿ ಸೀಜ್’ ಹಳೆಯದಾದ್ದರಿಂದ ಯಾವ ಮುದ್ರಣ ಹುಡುಕಬೇಕು?

ಉತ್ತರ: ಧಾರವಾಡದ ನಿವೃತ್ತ ಗ್ರಂಥಪಾಲಕ

1982ರ ಆವೃತ್ತಿಯನ್ನು ಹುಡುಕಿ. ಮೂಲ ಪುಸ್ತಕ ಎಂಟು ವರ್ಷದ ಹುಡುಗಿಯ ಬಳಿ ನಿಲ್ಲುತ್ತದೆ. ಹದಿನೈದು ವರ್ಷಗಳ ನಂತರ ಬರೆದ ಭಾಗ ಈ ಆವೃತ್ತಿಯಲ್ಲಿ ಸೇರಿದೆ. ಹೊಸ ಪ್ರತಿ ಸಿಗದಿದ್ದರೆ ಹಳೆಯ ಪುಸ್ತಕ ಮಾರುವವರಲ್ಲಿ ವಿಚಾರಿಸಿ. ಕೊಳ್ಳುವ ಮುನ್ನ ಇಸವಿಯಿರುವ ಪುಟದ ಫೋಟೊ ಕಳಿಸಲು ಹೇಳಿ.